ಕಂತು ಎಷ್ಟು ಅಂತ ಕೇಳಿದಿರಿ, ಎಷ್ಟು ಕಂತು ಅಂತ ಕೇಳಿದಿರಾ?

ಮನೆ ಸಾಲ ತಗೊಂಡು ಆರನೇ ವರ್ಷ ನಡೆಯುತ್ತಿತ್ತು. ಬ್ಯಾಂಕಿನಿಂದ ಒಂದು ಪತ್ರ ಬಂತು. ಬಡ್ಡಿ ದರ ಒಂದೂಕಾಲು ಪರ್ಸೆಂಟ್ ಏರಿದೆ, ಆದರೆ ನಿಮ್ಮ ತಿಂಗಳ ಕಂತಿನಲ್ಲಿ ಬದಲಾವಣೆ ಇಲ್ಲ ಅಂತ ಬರೆದಿತ್ತು. ಬಚಾವಾದೆ ಅಂದುಕೊಂಡು ಪತ್ರವನ್ನು ಫೈಲಿಗೆ ಸೇರಿಸಿದೆ. ಎರಡು ತಿಂಗಳ ನಂತರ ಬೇರೇನೋ ಹುಡುಕುವಾಗ ಅದೇ ಪತ್ರ ಮತ್ತೆ ಕೈಗೆ ಸಿಕ್ಕಿತು. ಈ ಸಲ ಕೆಳಗಿದ್ದ ಸಣ್ಣ ಅಕ್ಷರವನ್ನೂ ಓದಿದೆ. ಬಾಕಿ ಕಂತುಗಳು: ಮೊದಲು 171, ಈಗ 203.

32 ಕಂತು ಜಾಸ್ತಿ. ಅಂದರೆ ಎರಡು ವರ್ಷ ಎಂಟು ತಿಂಗಳು. ಯಾರೂ ನನ್ನನ್ನು ಕೇಳಿರಲಿಲ್ಲ, ನಾನೂ ಓದಿರಲಿಲ್ಲ.

ಮನೆ ಸಾಲದ ಮಾತು ಬಂದರೆ ಎಲ್ಲರ ಮೊದಲ ಪ್ರಶ್ನೆ 'ಇಎಂಐ ಎಷ್ಟು ಬರುತ್ತೆ?' ಅಂತಲೇ. ಸಂಬಳದಲ್ಲಿ ತೂಗಿಸಬಹುದಾ ಅಂತ ನೋಡಲು ಆ ಅಂಕಿ ಬೇಕೇ ಬೇಕು. ಆದರೆ ಸಾಲದ ಬೆಲೆ ಅದರಲ್ಲಿ ಕಾಣುವುದಿಲ್ಲ. ಬೆಲೆ ಗೊತ್ತಾಗಬೇಕಾದರೆ ಕಂತುಗಳನ್ನು ಎಣಿಸಬೇಕು. ಅದಕ್ಕೆ ಒಂದು ಸಂಜೆ, ಒಂದು ಹಾಳೆ, ಮೊಬೈಲಿನ ಕ್ಯಾಲ್ಕುಲೇಟರ್ ಸಾಕು.

ಇಲ್ಲಿ ಎಲ್ಲ ಲೆಕ್ಕವನ್ನೂ ಒಂದು ಲಕ್ಷ ಸಾಲಕ್ಕೆ, ಶೇ 9ರ ಬಡ್ಡಿಗೆ ಹಾಕಿದ್ದೇನೆ. ಚಿಲ್ಲರೆ ಬಿಟ್ಟಿದ್ದೇನೆ. ನಿಮ್ಮ ಸಾಲ 40 ಲಕ್ಷ ಇದ್ದರೆ ದುಡ್ಡಿನ ಪ್ರತಿ ಅಂಕಿಯನ್ನೂ 40ರಿಂದ ಗುಣಿಸಿಕೊಳ್ಳಿ.

ಹಂತ 1: ಕಂತನ್ನು ತಿಂಗಳುಗಳಿಂದ ಗುಣಿಸಿ

ಎಕ್ಸೆಲ್‌ನಲ್ಲಾಗಲಿ ಗೂಗಲ್ ಶೀಟ್ಸ್‌ನಲ್ಲಾಗಲಿ ಪಿಎಂಟಿ (PMT) ಅನ್ನೋ ಫಂಕ್ಷನ್ ಇದೆ. ತಿಂಗಳ ಬಡ್ಡಿ ದರ, ಕಂತುಗಳ ಸಂಖ್ಯೆ, ಸಾಲದ ಮೊತ್ತ, ಈ ಮೂರನ್ನು ಕೊಟ್ಟರೆ ಕಂತು ಎಷ್ಟು ಅಂತ ಹೇಳುತ್ತದೆ. ಜನ ಎಡವುವುದು ಮೊದಲನೆಯದರಲ್ಲೇ. ವರ್ಷದ ದರವನ್ನು 12ರಿಂದ ಭಾಗಿಸಿ ಹಾಕಬೇಕು. ಶೇ 9 ಅಂದರೆ ತಿಂಗಳಿಗೆ ಶೇ 0.75. ಉತ್ತರದ ಮುಂದೆ ಮೈನಸ್ ಬಂದರೆ ಗಾಬರಿ ಬೇಡ, ಅದು ನಿಮ್ಮ ಜೇಬಿನಿಂದ ಹೋಗುವ ದುಡ್ಡು ಅಂತ ಅಷ್ಟೆ.

ಲಕ್ಷಕ್ಕೆ ಬರುವ ಉತ್ತರ ಹೀಗಿದೆ. 15 ವರ್ಷಕ್ಕೆ ಕಂತು 1,014, ಒಟ್ಟು ಕಟ್ಟುವುದು 1,82,568. 20 ವರ್ಷಕ್ಕೆ ಕಂತು 900, ಒಟ್ಟು 2,15,934. 30 ವರ್ಷಕ್ಕೆ ಕಂತು 805, ಒಟ್ಟು 2,89,664.

ಕೊನೆಯ ಎರಡನ್ನು ಪಕ್ಕಪಕ್ಕ ಇಟ್ಟು ನೋಡಿ. 20 ವರ್ಷದಿಂದ 30ಕ್ಕೆ ಹೋದರೆ ಕಂತಿನಲ್ಲಿ ಉಳಿಯುವುದು 95. ಅದಕ್ಕಾಗಿ ಇನ್ನೂ ಹತ್ತು ವರ್ಷ ಕಟ್ಟಬೇಕು, ಕೈಯಿಂದ 73,730 ಜಾಸ್ತಿ ಹೋಗುತ್ತದೆ.

ಇನ್ನೊಂದು ವಿಚಿತ್ರ ಗಮನಿಸಿದ್ದೇನೆ. ಬಡ್ಡಿಯಲ್ಲಿ ಕಾಲು ಪರ್ಸೆಂಟ್ ಕಡಿಮೆ ಮಾಡಿಸಲು ಜನ ವಾರಗಟ್ಟಲೆ ಬ್ಯಾಂಕಿಂದ ಬ್ಯಾಂಕಿಗೆ ಅಲೆಯುತ್ತಾರೆ. 20 ವರ್ಷದಲ್ಲಿ ಆ ಕಾಲು ಪರ್ಸೆಂಟ್ ಉಳಿಸುವುದು ಲಕ್ಷಕ್ಕೆ 3,844. ಅದೇ ಜನ ಅವಧಿಯ ಖಾನೆಯನ್ನು ಒಂದೇ ನಿಮಿಷದಲ್ಲಿ ತುಂಬಿಬಿಡುತ್ತಾರೆ. ಅಲ್ಲಿ 20ರ ಬದಲು 15 ಬರೆದಿದ್ದರೆ 33,000ಕ್ಕೂ ಜಾಸ್ತಿ ಉಳಿಯುತ್ತಿತ್ತು. ಅಲೆಯುವುದು ತಪ್ಪಲ್ಲ. ಆದರೆ ಯಾವ ಖಾನೆಗೆ ಎಷ್ಟು ಹೊತ್ತು ಕೊಡಬೇಕು ಅನ್ನೋದು ತಲೆಕೆಳಗಾಗಿದೆ.

ಹಂತ 2: ಮೊದಲ ಕಂತನ್ನು ಬಿಚ್ಚಿ ನೋಡಿ

ಹಾಳೆಯ ಮೇಲೆ ನಾಲ್ಕು ಕಾಲಂ ಎಳೆಯಿರಿ: ತಿಂಗಳ ಆರಂಭದ ಬಾಕಿ, ಬಡ್ಡಿ, ಅಸಲು, ತಿಂಗಳ ಕೊನೆಯ ಬಾಕಿ. 20 ವರ್ಷದ ಸಾಲದ ಮೊದಲ ತಿಂಗಳು. ಬಾಕಿ 1,00,000. ಅದರ ಶೇ 0.75, ಅಂದರೆ 750 ಬಡ್ಡಿ. ಕಂತು 900. ಹಾಗಾಗಿ ಅಸಲಿಗೆ ಹೋಗಿದ್ದು 150. ಬಾಕಿ 99,850. ಎರಡನೇ ತಿಂಗಳು ಬಡ್ಡಿ 749, ಅಸಲಿಗೆ 151. ತಿಂಗಳಿಡೀ ದುಡಿದು ಕಟ್ಟಿದ್ದಕ್ಕೆ ಬಡ್ಡಿ ಇಳಿದಿದ್ದು ಬರೀ 1. ಇಂಥ ಹತ್ತು ಸಾಲು ಕೈಯಾರೆ ಬರೆದು ನೋಡಿ. ಯಾವ ಆ್ಯಪೂ ಹೇಳದಷ್ಟು ಚೆನ್ನಾಗಿ ಅರ್ಥವಾಗುತ್ತದೆ.

30 ವರ್ಷದ ಸಾಲವಾದರೆ ಮೊದಲ ತಿಂಗಳು ಕಟ್ಟಿದ 805ರಲ್ಲಿ ಅಸಲಿಗೆ ಹೋಗುವುದು 55 ಮಾತ್ರ.

ಈಗ ಮುಂದಕ್ಕೆ ಜಿಗಿಯೋಣ. 20 ವರ್ಷದ ಸಾಲದಲ್ಲಿ 10 ವರ್ಷ ಮುಗಿಯಿತು ಅಂದುಕೊಳ್ಳಿ. ಅಷ್ಟರಲ್ಲಿ ನೀವು ಕಟ್ಟಿರುವುದು 1,07,967, ತೆಗೆದುಕೊಂಡ ಸಾಲಕ್ಕಿಂತ ಜಾಸ್ತಿ. ಬಾಕಿ ಇನ್ನೂ 71,026! ಸಾಲ ಅರ್ಧಕ್ಕೆ ಇಳಿಯುವುದು 14ನೇ ವರ್ಷದ ಕೊನೆಗೆ. ಕಂತಿನಲ್ಲಿ ಬಡ್ಡಿಗಿಂತ ಅಸಲಿನ ಪಾಲು ಜಾಸ್ತಿಯಾಗುವುದು 149ನೇ ತಿಂಗಳಲ್ಲಿ.

'ಬ್ಯಾಂಕಿನವರು ಮೊದಲು ಬಡ್ಡಿ ಎಲ್ಲಾ ವಸೂಲಿ ಮಾಡ್ಕೋತಾರೆ' ಅಂತ ಜನ ಬೈಯುವುದು ಇದನ್ನು ನೋಡಿಯೇ. ಆದರೆ ಇದರಲ್ಲಿ ಮೋಸ ಇಲ್ಲ. ಪ್ರತಿ ತಿಂಗಳೂ ಎಷ್ಟು ಬಾಕಿ ಇದೆಯೋ ಅಷ್ಟಕ್ಕೇ ಬಡ್ಡಿ. ಮೊದಲ ವರ್ಷಗಳಲ್ಲಿ ಬಾಕಿ ದೊಡ್ಡದು, ಹಾಗಾಗಿ ಬಡ್ಡಿಯೂ ದೊಡ್ಡದು. ನಿಜವಾಗಿ ಹುಷಾರಾಗಿರಬೇಕಾದದ್ದು ಫ್ಲ್ಯಾಟ್ ದರದ ಬಗ್ಗೆ. ಅದರಲ್ಲಿ ಕೊನೆಯ ತಿಂಗಳವರೆಗೂ ಮೂಲ ಸಾಲದ ಪೂರ್ತಿ ಮೊತ್ತಕ್ಕೇ ಬಡ್ಡಿ. ಶೇ 9ರ ಫ್ಲ್ಯಾಟ್ ದರದಲ್ಲಿ 20 ವರ್ಷಕ್ಕೆ ಬಡ್ಡಿಯೇ 1,80,000. ಇಳಿಯುವ ಬಾಕಿಯ ಲೆಕ್ಕದಲ್ಲಿ ಅದೇ ಶೇ 9ಕ್ಕೆ 1,15,934.

ಹಂತ 3: ಸಾಲದ ಜೊತೆ ಅಂಟಿಕೊಂಡು ಬರುವುದನ್ನು ಸೇರಿಸಿ

ಪ್ರೊಸೆಸಿಂಗ್ ಫೀ, ಕಾನೂನು ಪರಿಶೀಲನೆ, ಮನೆಯ ಮೌಲ್ಯಮಾಪನ, ಅಡಮಾನದ ನೋಂದಣಿ, ವಿಮೆ. ಎಲ್ಲವನ್ನೂ ಒಂದು ಕಡೆ ಬರೆದು ಕೂಡಿ. ಒಟ್ಟು ಸಾಲದ ಶೇ 1 ಆಯಿತು ಅಂದುಕೊಳ್ಳಿ. ಅಂದರೆ ನಿಮಗೆ ಸಿಕ್ಕಿದ್ದು 99,000, ಕಂತು ಕಟ್ಟುತ್ತಿರುವುದು 1,00,000ಕ್ಕೆ. 20 ವರ್ಷ ಪೂರ್ತಿ ಕಟ್ಟಿದರೆ ನಿಜವಾದ ದರ ಸುಮಾರು ಶೇ 9.14. ಐದೇ ವರ್ಷಕ್ಕೆ ಮನೆ ಮಾರಿ ಸಾಲ ತೀರಿಸಿದರೆ ಅದೇ ಫೀ ದರವನ್ನು ಶೇ 9.26ರ ಹತ್ತಿರಕ್ಕೆ ಒಯ್ಯುತ್ತದೆ. ಎರಡು ಬ್ಯಾಂಕುಗಳನ್ನು ಹೋಲಿಸುವಾಗ ಜಾಹೀರಾತಿನ ದರವನ್ನು ಬಿಟ್ಟು ಎಪಿಆರ್ ಎಷ್ಟು ಅಂತ ಕೇಳಿ. ಈ ಖರ್ಚುಗಳಲ್ಲಿ ಹೆಚ್ಚಿನವನ್ನು ಸೇರಿಸಿಕೊಂಡು ಹೇಳುವ ವಾರ್ಷಿಕ ದರ ಅದು. ಯಾವ ಖರ್ಚು ಅದರಲ್ಲಿ ಸೇರಿಲ್ಲ ಅಂತಲೂ ಕೇಳಿ.

'ವಿಮೆಯ ಪ್ರೀಮಿಯಂ ಈಗ ಕೊಡೋದು ಬೇಡ ಸಾರ್, ಸಾಲಕ್ಕೇ ಸೇರಿಸೋಣ' ಅನ್ನುವ ಮಾತು ಕೇಳಲು ಹಿತವಾಗಿರುತ್ತದೆ. ಹೀಗೆ ಸೇರಿಸಿದ ಪ್ರತಿ 1,000ಕ್ಕೆ 20 ವರ್ಷದಲ್ಲಿ 2,159 ಕಟ್ಟುತ್ತೀರಿ. ಆಗುವುದಾದರೆ ಕೈಯಿಂದಲೇ ಕೊಟ್ಟು ಮುಗಿಸಿ.

ಹಂತ 4: ದರ ಏರಿದರೆ ಏನಾಗುತ್ತೆ ಅಂತ ಮೊದಲೇ ನೋಡಿ

ಅಮೆರಿಕದಲ್ಲಿ 30 ವರ್ಷ ಪೂರ್ತಿ ಒಂದೇ ದರದ ಮನೆ ಸಾಲ ಮಾಮೂಲು. ಬ್ರಿಟನ್ನಿನಲ್ಲಿ ಎರಡು ಅಥವಾ ಐದು ವರ್ಷಕ್ಕೆ ದರ ಕಟ್ಟಿಹಾಕಿ, ಆಮೇಲೆ ಹೊಸ ದರಕ್ಕೆ ಹೋಗುವವರು ಜಾಸ್ತಿ. ನಿಮ್ಮದು ಯಾವ ಬಗೆ ಅನ್ನೋದನ್ನು ಕರಾರು ಪತ್ರದಲ್ಲಿ ಹುಡುಕಿ. ಫ್ಲೋಟಿಂಗ್ ದರ, ಅಂದರೆ ಸಾಲದ ನಡುವೆ ಏರಿಳಿಯುವ ದರವಾದರೆ ಮುಂದಿನ ಲೆಕ್ಕ ನಿಮಗೇ.

ದರ ಶೇ 9ರಿಂದ 10 ಆಯಿತು. ಬ್ಯಾಂಕಿನ ಮುಂದೆ ಎರಡು ದಾರಿ: ಕಂತು ಏರಿಸುವುದು, ಇಲ್ಲ ಅವಧಿ ಏರಿಸುವುದು. ಸಾಲದ ಶುರುವಿನಲ್ಲೇ ಹೀಗಾಗಿ ಕಂತು ಏರಿಸಿದರೆ 900 ಇದ್ದದ್ದು 965 ಆಗುತ್ತದೆ, ಒಟ್ಟು 2,31,605. ಕಂತು 900ರಲ್ಲೇ ಇರಲಿ ಅಂದರೆ 240 ಇದ್ದ ಕಂತುಗಳು 314ಕ್ಕೆ ಹೋಗುತ್ತವೆ. ಒಟ್ಟು 2,82,000 ದಾಟುತ್ತದೆ. ತಿಂಗಳಿಗೆ 65 ಏರುವುದನ್ನು ತಪ್ಪಿಸಿಕೊಂಡಿದ್ದಕ್ಕೆ 50,000ದ ದಂಡ.

ದರ ಶೇ 11 ಆದರೆ? ಒಂದು ಲಕ್ಷಕ್ಕೆ ತಿಂಗಳ ಬಡ್ಡಿಯೇ 917. ಕಂತು 900. ಬಡ್ಡಿಗೇ ಸಾಲದು. ಉಳಿದ 17 ಅಸಲಿಗೆ ಸೇರಿ, ತಪ್ಪದೆ ಕಂತು ಕಟ್ಟುತ್ತಿದ್ದರೂ ಸಾಲ ಬೆಳೆಯುತ್ತಾ ಹೋಗುತ್ತದೆ. ಅವಧಿ ಉದ್ದ ಇದ್ದಷ್ಟೂ ಈ ಅಂಚು ಹತ್ತಿರ. 30 ವರ್ಷದ 805ರ ಕಂತು ಶೇ 10ಕ್ಕೇ ಸೋಲುತ್ತದೆ.

ನನ್ನ ಪತ್ರದ ಕಥೆಗೆ ಬರೋಣ. ಬ್ಯಾಂಕಿಗೆ ಹೋಗಿ ಕಂತನ್ನೇ ಏರಿಸಿ ಅಂದೆ. ಕೌಂಟರಿನ ಹುಡುಗನಿಗೆ ಆಶ್ಚರ್ಯ. 'ಕಡಿಮೆ ಮಾಡಿ ಅಂತ ಬರ್ತಾರೆ ಸಾರ್, ಜಾಸ್ತಿ ಮಾಡಿ ಅಂತ ಯಾರೂ ಬರಲ್ಲ' ಅಂದ. ಅವನು ಕೊಟ್ಟ ಅರ್ಜಿಯಲ್ಲಿ ಹೊಸ ಕಂತಿನ ಮೊತ್ತಕ್ಕೆ ಖಾನೆ ಇತ್ತು, ಬಾಕಿ ಕಂತುಗಳಿಗೆ ಇರಲಿಲ್ಲ. ಹಳೆಯ 171ರಲ್ಲಿ ಕಳೆದುಹೋದ ಎರಡು ತಿಂಗಳು ತೆಗೆದು, ಅಂಚಿನಲ್ಲಿ 169 ಅಂತ ಪೆನ್ನಿನಲ್ಲಿ ಬರೆದು ಕೊಟ್ಟೆ. ಕಂತು ಸುಮಾರು ಶೇ 7 ಏರಿತು. ಮೊದಲ ಕೆಲವು ತಿಂಗಳು ಬಿಗಿಯಾಯಿತು, ಆಮೇಲೆ ಅಭ್ಯಾಸವಾಯಿತು.

ಹಂತ 5: ಮುಂಗಡ ಕಟ್ಟುವುದಾದರೆ ಬೇಗ ಕಟ್ಟಿ

ಕೈಗೆ 10,000 ಬಂತು, ಸಾಲಕ್ಕೆ ಹಾಕುತ್ತೀರಿ, ಕಂತು ಹಾಗೇ ಇರುತ್ತದೆ ಅಂದುಕೊಳ್ಳಿ. ಮೊದಲ ವರ್ಷದ ಕೊನೆಗೆ ಹಾಕಿದರೆ ಸುಮಾರು 50 ಕಂತು ಕಡಿಮೆಯಾಗಿ 35,000ದಷ್ಟು ಬಡ್ಡಿ ಉಳಿಯುತ್ತದೆ. ಹತ್ತನೇ ವರ್ಷದ ಕೊನೆಗೆ ಅದೇ 10,000 ಹಾಕಿದರೆ ಕಡಿಮೆಯಾಗುವುದು 25 ಕಂತು, ಉಳಿಯುವುದು 12,000.

ದೊಡ್ಡ ಗಂಟು ಇಲ್ಲದವರಿಗೆ ಸುಲಭದ ದಾರಿ, ವರ್ಷಕ್ಕೊಂದು ಕಂತು ಹೆಚ್ಚಿಗೆ ಕಟ್ಟುವುದು. 12ರ ಬದಲು 13. ಸಾಲ ಹದಿನಾರೂವರೆ ವರ್ಷಕ್ಕೇ ಮುಗಿಯುತ್ತದೆ, ಬಡ್ಡಿಯಲ್ಲಿ ಸುಮಾರು 23,000 ಉಳಿಯುತ್ತದೆ.

ಕಟ್ಟುವ ಮೊದಲು ಮುಂಗಡ ಪಾವತಿಗೆ ದಂಡ ಇದೆಯಾ ಅಂತ ಕರಾರಿನಲ್ಲಿ ನೋಡಿ. ಕಟ್ಟುವಾಗ 'ಕಂತು ಇಳಿಸಬೇಡಿ, ಅವಧಿ ಇಳಿಸಿ' ಅಂತ ಬರೆದುಕೊಡಿ. ಇದನ್ನು ಬಾಯಲ್ಲಿ ಹೇಳಿದರೆ ಸಾಲದು. ಮುಂದಿನ ತಿಂಗಳ ಸ್ಟೇಟ್‌ಮೆಂಟಿನಲ್ಲಿ ಅಸಲು ನಿಜಕ್ಕೂ ಇಳಿದಿದೆಯಾ ನೋಡಿ. ಇನ್ನೊಂದು ಮಾತು: ಕೈಯಲ್ಲಿದ್ದದ್ದೆಲ್ಲ ಸಾಲಕ್ಕೆ ಸುರಿಯಬೇಡಿ. ಆರು ತಿಂಗಳ ಖರ್ಚು ಬೇರೆ ಇರಲಿ. ಕ್ರೆಡಿಟ್ ಕಾರ್ಡಿನ ಬಾಕಿ ಇದ್ದರೆ ಮೊದಲು ಅದು ಹೋಗಲಿ, ಅದರ ಬಡ್ಡಿ ಮನೆ ಸಾಲಕ್ಕಿಂತ ಎಷ್ಟೋ ಪಟ್ಟು ಜಾಸ್ತಿ.

ಹಂತ 6: ಸಾಲ ವರ್ಗಾಯಿಸುವಾಗ ಗಡಿಯಾರ ಹಿಂದಕ್ಕೆ ತಿರುಗದಂತೆ ನೋಡಿಕೊಳ್ಳಿ

ಹತ್ತು ವರ್ಷವಾಗಿದೆ, ಬಾಕಿ 71,026. ಬೇರೆ ಬ್ಯಾಂಕು ಶೇ 8ಕ್ಕೆ ಕೊಡುತ್ತೇನೆ ಅನ್ನುತ್ತದೆ. ಕಂತು 900ರಿಂದ 594ಕ್ಕೆ ಇಳಿಯುತ್ತದಂತೆ! ಅವಧಿ ನೋಡಿ: ಹೊಸದಾಗಿ 20 ವರ್ಷ. ಹಳೆ ಸಾಲದಲ್ಲೇ ಇದ್ದಿದ್ದರೆ ಕಟ್ಟಬೇಕಿದ್ದದ್ದು 1,07,967. ಈಗ 1,42,582. ದರ ಇಳಿಯಿತು, ಕಂತು ಇಳಿಯಿತು, ಖರ್ಚು 34,000 ಏರಿತು. ಅದೇ ಶೇ 8ಕ್ಕೆ ಹತ್ತೇ ವರ್ಷ ಇಟ್ಟುಕೊಂಡರೆ ಕಂತು 862, ಉಳಿತಾಯ ಸುಮಾರು 4,500. ಹೊಸ ಬ್ಯಾಂಕಿನ ಫೀಯನ್ನು ಅದರಿಂದ ಕಳೆದು, ಮಿಕ್ಕಿದ್ದು ಓಡಾಟಕ್ಕೆ ತಕ್ಕ ಲಾಭವಾ ಅಂತ ನೀವೇ ನಿರ್ಧರಿಸಿ.

ಹಂತ 7: ಹೆದರಿಸುವ ಅಂಕಿಗೆ ಸ್ವಲ್ಪ ನೀರು ಹಾಕಿ

'ಒಂದಕ್ಕೆ ಎರಡು ಕಟ್ಟುತ್ತೀರಿ' ಅಂತ ಹೆದರಿಸುವವರು ಹೇಳದ ಮಾತೊಂದಿದೆ. 20 ವರ್ಷದ ನಂತರದ 900, ಇವತ್ತಿನ 900 ಅಲ್ಲ. ಬೆಲೆ ಏರಿಕೆ ವರ್ಷಕ್ಕೆ ಶೇ 5 ಇದ್ದರೆ, ಕೊನೆಯ ಕಂತು ಇವತ್ತಿನ ಸುಮಾರು 340ಕ್ಕೆ ಸಮ. ಅಷ್ಟೊತ್ತಿಗೆ ಸಂಬಳವೂ ಏರಿರುತ್ತದೆ, ಅಲ್ವಾ? ಶೇ 9ರ ಸಾಲದ ನಿಜವಾದ ಭಾರ ಆಗ ಶೇ 4ರ ಆಸುಪಾಸು. ಹಾಗಾಗಿ ಒಟ್ಟು ಬಡ್ಡಿಯ ಅಂಕಿಯನ್ನು ಎರಡು ಸಾಲಗಳನ್ನು ಹೋಲಿಸಲು ಬಳಸಿ, ನಿದ್ದೆ ಕೆಡಿಸಿಕೊಳ್ಳಲು ಬೇಡ. ಮುಂಗಡ ಕಟ್ಟುವ ದುಡ್ಡನ್ನು ಬೇರೆ ಕಡೆ ಹಾಕಿದರೆ ತೆರಿಗೆ ಕಳೆದು ಶೇ 9ಕ್ಕಿಂತ ಜಾಸ್ತಿ ಖಾತ್ರಿಯಾಗಿ ಬರುತ್ತದಾ ಅಂತಲೂ ಕೇಳಿಕೊಳ್ಳಿ. ಖಾತ್ರಿ ಅನ್ನೋ ಪದಕ್ಕೆ ಅಡಿಗೆರೆ ಹಾಕಿಕೊಳ್ಳಿ. ನನಗಂತೂ ಅಂಥದ್ದು ಸಿಗಲಿಲ್ಲ, ಸುಮ್ನೆ ಸಾಲಕ್ಕೇ ಕಟ್ಟಿದೆ.

ಹಂತ 8: ಕೊನೆಯ ಕಂತಿನ ನಂತರ

ಕಂತು ಮುಗಿದ ಮಾತ್ರಕ್ಕೆ ಅಡಮಾನ ತಾನಾಗಿ ಬಿಟ್ಟುಹೋಗುವುದಿಲ್ಲ. ಬಾಕಿ ಇಲ್ಲ ಅನ್ನುವ ಪತ್ರ ತೆಗೆದುಕೊಳ್ಳಿ. ಅಡಮಾನವನ್ನು ಎಲ್ಲಿ ನೋಂದಾಯಿಸಿದ್ದರೋ ಅಲ್ಲಿ ಅದು ರದ್ದಾಗಿದೆಯಾ ಅಂತ ಖುದ್ದಾಗಿ ನೋಡಿ. ಸಾಲ ತೆಗೆದುಕೊಂಡ ದಿನ ನೀವು ಕೊಟ್ಟ ಮೂಲ ಪತ್ರಗಳ ಪಟ್ಟಿ ನಿಮ್ಮ ಫೈಲಿನಲ್ಲಿ ಇರಬೇಕು. ಅದನ್ನು ಜೊತೆಗೆ ಒಯ್ಯಿರಿ. ಒಂದೊಂದಾಗಿ ಹೋಲಿಸಿ, ಪುಟಗಳನ್ನೂ ಎಣಿಸಿ, ಆಮೇಲೆ ಪತ್ರಗಳು ತಲುಪಿವೆ ಅಂತ ಸಹಿ ಹಾಕಿ.