ಹಿತಕಿದ ಬೇಳೆ ಸಾರಿನಲ್ಲಿ ಥೆಂತುಕ್: ಕೊನೆಗೂ ಕೈಗೆ ಬಂತು

ಹಿತಕಿದ ಅವರೆಬೇಳೆ ಸಾರಿಗೂ, ಹಿಟ್ಟನ್ನು ಕೈಯಲ್ಲೇ ಎಳೆದು ಹರಿದು ಹಾಕುವ ಟಿಬೆಟಿನವರ ನೂಡಲ್ ಸೂಪ್ ಥೆಂತುಕ್‌ಗೂ ಹೊಂದಿಕೆ ಆಗುವುದೇ ಇಲ್ಲ ಎಂದವರೆಲ್ಲ ಈ ಚಳಿಗಾಲ ನಮ್ಮ ಹೋಟೆಲಿನಲ್ಲಿ ಎರಡೆರಡು ಬಟ್ಟಲು ಖಾಲಿ ಮಾಡಿ ಹೋದರು. ಮೊದಲು ಅಡ್ಡ ಹೇಳಿದ್ದು ನಮ್ಮ ಅಡುಗೆಯವನೇ. ‘ಅಣ್ಣಾ, ಇವೆರಡಕ್ಕೂ ಜಾತಕ ಕೂಡಲ್ಲ, ಸುಮ್ನೆ ಮಟನ್ ಹಾಳು ಮಾಡ್ಬೇಡಿ’ ಅಂದಿದ್ದ. ಈಗ ಅವನೇ ಹಿಟ್ಟು ಎಳೆಯುತ್ತಾನೆ.

ನಮ್ಮದು ಕುಶಾಲನಗರದಲ್ಲಿ ಸಣ್ಣ ಹೋಟೆಲ್. ಕಾವೇರಿ ಸೇತುವೆ ದಾಟಿದರೆ ಬೈಲಕುಪ್ಪೆ ದೂರವೇನಲ್ಲ. 1960-61ರ ಹೊತ್ತಿಗೆ ಟಿಬೆಟಿನವರು ಅಲ್ಲಿ ಬಂದು ನೆಲೆಸಿದರು. ಅಂದಿನಿಂದ ಆ ಕಡೆ ಥುಕ್ಪಾ (ಟಿಬೆಟಿನ ನೂಡಲ್ ಸೂಪ್, ಥೆಂತುಕ್ ಅದರದ್ದೇ ಒಂದು ಬಗೆ), ಈ ಕಡೆ ಅವರೆಕಾಯಿ. ಎರಡೂ ಚಳಿಗೆಂದೇ ಹುಟ್ಟಿದ ಅಡುಗೆ. ಒಂದೇ ಪಾತ್ರೆಯಲ್ಲಿ ಯಾಕಾಗಬಾರದು ಅನ್ನುವುದು ನನ್ನ ಹಟ.

ಮೂಳೆ ರಸ ತೆಗೆಯುವುದು ನಿಮಗೆಲ್ಲ ಗೊತ್ತು, ಅದನ್ನು ಬಿಡುತ್ತೇನೆ. ತೊಂದರೆ ಇದ್ದದ್ದು ಸಾರು ದಪ್ಪವಾಗುವುದರಲ್ಲಿ. ನಮ್ಮ ಕಡೆ ಅವರೆಬೇಳೆ ಸಾರಿಗೆ ಕಾಯಿ, ಗಸಗಸೆ ರುಬ್ಬಿ ಹಾಕದಿದ್ದರೆ ಸಾರು ಅನ್ನುವುದಿಲ್ಲ. ಅದರೊಳಗೆ ಮೈದಾ ತುಂಡು ಬಿದ್ದು ಕುದಿಯಿತೋ, ಹತ್ತು ನಿಮಿಷಕ್ಕೆ ಇಡೀ ಪಾತ್ರೆ ಅಂಬಲಿ. ಮೊದಲ ಸಲ ನಾಲ್ಕು ಕೆಜಿ ಮಟನ್ ಹಾಕಿದ್ದೆವು. ಆವತ್ತಿನ ರೇಟಿನಲ್ಲಿ ಮಾಂಸದ್ದೇ ಮೂರು ಸಾವಿರದ ಹತ್ತಿರ. ಹೊತ್ತೇರುವಷ್ಟರಲ್ಲಿ ಸೌಟು ನಿಂತುಕೊಳ್ಳುವಷ್ಟು ಗಟ್ಟಿ. ಬಿಸಿನೀರು ಬೆರೆಸಿದರೆ ಮಸಾಲೆ ಸಪ್ಪೆ, ಬೆರೆಸದಿದ್ದರೆ ತಳ ಹಿಡಿಯುತ್ತದೆ. ಆ ಚಳಿಗಾಲ ಪೂರ್ತಿ ಇದಕ್ಕೆ ಹದಿನೈದು ಸಾವಿರವಾದರೂ ಹೋಗಿರಬೇಕು. ಭಾವ ಲೆಕ್ಕದ ಪುಸ್ತಕ ನೋಡಿ ಎರಡು ದಿನ ಮಾತೇ ಆಡಲಿಲ್ಲ.

ದಾರಿ ಸಿಕ್ಕಿದ್ದು ಕಾಯಿ, ಗಸಗಸೆ ಎರಡನ್ನೂ ಬಿಟ್ಟಾಗ. ಈಗ ಹಿತಕಿದ ಬೇಳೆಯಲ್ಲಿ ಮೂರನೇ ಒಂದು ಪಾಲು ಬೇಯಿಸಿ ರುಬ್ಬುತ್ತೇನೆ. ಸಾರಿಗೆ ಬೇಕಾದ ಮೈ ಅದರಿಂದಲೇ ಬರುತ್ತದೆ. ಉಳಿದದ್ದು ಇಡಿಯಾಗಿ ಕೊನೆಗೆ. ಮಸಾಲೆಗೆ ಧನಿಯಾ, ಬ್ಯಾಡಗಿ, ಚಕ್ಕೆ, ಲವಂಗ, ಸುಟ್ಟ ಈರುಳ್ಳಿ, ಬೆಳ್ಳುಳ್ಳಿ, ಶುಂಠಿ ಮಾತ್ರ. ಬೇಳೆ ರುಬ್ಬುವಾಗ ಇನ್ನೊಂದು ಸೇರುತ್ತದೆ. ಅದನ್ನು ಸದ್ಯಕ್ಕೆ ನಮ್ಮ ಅಡುಗೆಮನೆಯಲ್ಲೇ ಇಟ್ಟುಕೊಳ್ಳುತ್ತೇನೆ.

ಇನ್ನು ಹಿಟ್ಟು. ಮೈದಾಗೆ ಉಪ್ಪು, ನೀರು, ಚೂರು ಎಣ್ಣೆ. ಚಪಾತಿ ಹಿಟ್ಟಿಗಿಂತ ಮೆತ್ತಗೆ. ಒಂದು ಗಂಟೆಯಾದರೂ ನೆನೆಯಬೇಕು. ಹೆಬ್ಬೆಟ್ಟಿನಲ್ಲಿ ಒತ್ತಿ ಎಳೆದರೆ ಪಟ್ಟಿ ಮಣಿಕಟ್ಟಿನ ಮೇಲೆ ಸಡಿಲವಾಗಿ ಜೋತು ಬೀಳಬೇಕು, ಹರಿಯುವಾಗ ಅಂಚು ತೆಳ್ಳಗೆ ಕಾಗದದ ಹಾಗಾಗಬೇಕು. ರಬ್ಬರಿನಂತೆ ಹಿಂದಕ್ಕೆ ಜಗ್ಗಿದರೆ ಇನ್ನೂ ನೆಂದಿಲ್ಲ ಅಂತ ಅರ್ಥ. ತುಂಡುಗಳನ್ನು ಸಾರಿಗೆ ನೇರ ಹಾಕುವುದಿಲ್ಲ. ಬೇರೆ ಪಾತ್ರೆಯಲ್ಲಿ ಕುದಿಯುವ ನೀರಿಗೆ ಹಾಕಿ, ತೇಲಿ ಬಂದ ಕೂಡಲೇ ಜಾಲರಿ ಸೌಟಿನಲ್ಲಿ ತೆಗೆದು, ಆರ್ಡರ್ ಬಂದಷ್ಟಕ್ಕೆ ಮಾತ್ರ ಸಾರಿನಲ್ಲಿ ಒಂದು ನಿಮಿಷ. ಹಿಟ್ಟಿನ ಗಂಜಿಯೆಲ್ಲ ಆ ನೀರಿನಲ್ಲೇ ಉಳಿಯುತ್ತದೆ. ಮಧ್ಯಾಹ್ನ ಇಳಿಸಿದ ಸಾರು ರಾತ್ರಿ ಒಂಬತ್ತಕ್ಕೂ ಸಾರಾಗೇ ಇರುತ್ತದೆ.

ನನಗೆ ಹಿಟ್ಟು ಎಳೆಯಲು ಕಲಿಸಿದ ಆಮಾಲಾ (ಟಿಬೆಟಿನವರು ಅಮ್ಮನನ್ನು ಗೌರವದಿಂದ ಕರೆಯುವುದು ಹೀಗೆ) ಇದನ್ನು ಒಪ್ಪಲಿಲ್ಲ. ಬೈಲಕುಪ್ಪೆಯಲ್ಲಿ ಬಹಳ ವರ್ಷ ಅಂಗಡಿ ನಡೆಸಿದವರು. ‘ಸೂಪಲ್ಲೇ ಬೇಯಬೇಕು, ಬೇರೆ ನೀರು ಯಾಕೆ?’ ಅಂತ ಬೈದರು. ಅವರ ಸಾರು ತೆಳು, ಅಲ್ಲಿ ಆ ಗಂಜಿ ಬೇಕೇ ಬೇಕು. ನಮ್ಮದರಲ್ಲಿ ಬೇಳೆಯೇ ಸಾಕು. ತಿಂದ ಮೇಲೆ ಏನೂ ಹೇಳಲಿಲ್ಲ, ಮೊಮ್ಮಗಳಿಗೆಂದು ಒಂದು ಡಬ್ಬಿ ಕಟ್ಟಿಸಿಕೊಂಡರು. ನನಗೆ ಅಷ್ಟು ಸಾಕಾಯಿತು.

ತರಕಾರಿಯಲ್ಲೂ ಜಗಳ ಇತ್ತು. ಥೆಂತುಕ್‌ಗೆ ಹಾಕುವ ಮೂಲಂಗಿಯ ವಾಸನೆ ಮುಂದೆ ಬಂದರೆ ಅವರೆಯ ಸೊಗಡು ಸತ್ತೇ ಹೋಗುತ್ತದೆ. ಅದರ ಜಾಗಕ್ಕೆ ನವಿಲುಕೋಸು ತಂದೆ. ಪಾಲಕ್ ಬದಲು ಸಬ್ಬಸಿಗೆ, ಅವರೆಗೆ ಅದೇ ಅಲ್ವಾ ಸರಿ. ಟಿಬೆಟಿನವರು ಬಳಸುವ ಆ ನಾಲಿಗೆ ಜುಮ್ಮೆನ್ನಿಸುವ ಮೆಣಸು ಇಲ್ಲಿ ತುಟ್ಟಿ, ಕೆಲವು ಸಲ ಹಳೆಯ ಸರಕು. ಉತ್ತರ ಕನ್ನಡದ ಕಡೆ ಮೀನಿನ ಸಾರಿಗೆ ಹಾಕುವ ಜುಮ್ಮನಕಾಯಿ ಅದೇ ಕುಲದ್ದು. ಶಿರಸಿಯ ನೆಂಟರಿಂದ ಅರ್ಧ ಕೆಜಿ ತರಿಸಿದ್ದು ಸೀಸನ್ ಪೂರ್ತಿ ಬಂತು. ಒಳಗಿನ ಕಪ್ಪು ಬೀಜ ತೆಗೆದು ಸಿಪ್ಪೆ ಮಾತ್ರ, ಜಜ್ಜಿ, ಒಲೆ ಆರಿಸಿದ ಮೇಲೆ ಹಾಕಬೇಕು. ಕುದಿಸಿದರೆ ಘಮ ಹಾರಿಹೋಗುತ್ತದೆ.

ನಡುವೆ ರಾಗಿ ಹಿಟ್ಟಿನಲ್ಲೂ ಎಳೆದು ನೋಡಿದೆ. ಬರೀ ರಾಗಿ ಜಿಗಿಯಾಗುವುದೇ ಇಲ್ಲ, ಬೆರಳಲ್ಲೇ ಪುಡಿ. ಮೂರು ಪಾಲು ಮೈದಾಗೆ ಒಂದು ಪಾಲು ರಾಗಿ ಹಾಕಿದರೆ ಎಳೆಯಬಹುದು, ರುಚಿಯೂ ಜೋರು. ಆದರೆ ಸಂಜೆಯ ರಶ್ಶಿನಲ್ಲಿ ಆ ನಾಜೂಕು ಕೆಲಸ ಆಗದು, ಮನೆಗೆ ಮಾತ್ರ ಮಾಡುತ್ತೇನೆ. ಹುಳಿಗೆ ಕೊಡಗಿನ ಕಾಚಂಪುಳಿ ನಾಲ್ಕೇ ತೊಟ್ಟು ಬಿಟ್ಟೆ. ಅದು ಹಂದಿಮಾಂಸಕ್ಕೇ ಸರಿ. ಇಲ್ಲಿ ನಿಂಬೆಹೋಳು ಸಾಕು.

ಲೆಕ್ಕ ಹೇಳುತ್ತೇನೆ. ಬಟ್ಟಲಿಗೆ ಮಟನ್ ನಲವತ್ತೈದು ರೂಪಾಯಿ, ಹಿತಕಿದ ಬೇಳೆ ಹದಿನೈದರ ಸುಮಾರು, ಉಳಿದದ್ದು ಗ್ಯಾಸ್ ಸೇರಿ ಹದಿನೈದಿಪ್ಪತ್ತು. ಮಾರುವುದು 140ಕ್ಕೆ. ಜನವರಿಯಲ್ಲಿ ದಿನಕ್ಕೆ ಅರವತ್ತು ಬಟ್ಟಲು ಸಲೀಸಾಗಿ ಹೋಯಿತು, ಶನಿವಾರ, ಭಾನುವಾರ ನೂರರ ಹತ್ತಿರ. ಹಿತಕಿದ ಬೇಳೆ ರೆಡಿ ಕೊಂಡರೆ ಕೆಜಿಗೆ ಮುನ್ನೂರರವರೆಗೂ ಕೇಳುತ್ತಾರೆ. ನಾನು ಪಿರಿಯಾಪಟ್ಟಣದ ಕಡೆಯಿಂದ ಅವರೆಕಾಯಿಯನ್ನೇ ಮೂಟೆಯಲ್ಲಿ ತರಿಸುತ್ತೇನೆ. ಓಣಿಯ ನಾಲ್ಕು ಜನ ಹೆಂಗಸರು ಕೆಜಿ ಲೆಕ್ಕದಲ್ಲಿ ಬಿಡಿಸಿ, ನೆನೆಸಿ, ಹಿತಕಿ ಕೊಡುತ್ತಾರೆ. ನನಗೂ ಉಳಿತಾಯ, ಅವರಿಗೂ ಸಂಪಾದನೆ.

ಮಳೆಗಾಲಕ್ಕೂ ಇರಲಿ ಎಂದು ಹತ್ತು ಕೆಜಿ ಬೇಳೆ ಫ್ರೀಜರಿನಲ್ಲಿ ಇಟ್ಟೆ. ಸಾರಾಯಿತು, ಆದರೆ ಬೇಳೆ ಹಿಟ್ಟುಹಿಟ್ಟು, ಸೊಗಡಿನ ಸುಳಿವೂ ಇಲ್ಲ. ಅದಕ್ಕೇ ಶಿವರಾತ್ರಿ ಮುಗಿಯುತ್ತಿದ್ದಂತೆ ಬೋರ್ಡಿನಿಂದ ಹೆಸರು ಅಳಿಸುತ್ತೇನೆ. ಆಮೇಲೆ ಕೇಳಿ ಬಂದವರಿಗೆ ಮಾಮೂಲಿ ಥುಕ್ಪಾ ಇದ್ದೇ ಇದೆ.