ಸಂಬಳದ ಚೀಟಿ ಇಲ್ಲದೆ ಅಪಘಾತ ಪರಿಹಾರ: ನನ್ನ ಅನುಭವ

ಭಾವ ಗಾರೆ ಕೆಲಸದವರು, ವಯಸ್ಸು 34. ತುಮಕೂರು ಹತ್ತಿರ ಲಾರಿ ಗುದ್ದಿ ತೀರಿಹೋದರು. ಅಕ್ಕ ಇರುವುದು ಹಾವೇರಿಯಲ್ಲಿ. ಅರ್ಜಿದಾರರು ವಾಸವಿರುವ ಊರಿನ ನ್ಯಾಯಮಂಡಳಿಯಲ್ಲೂ (ಅಪಘಾತ ಪರಿಹಾರದ ಕೋರ್ಟು) ಕೇಸು ಹಾಕಬಹುದು, ಹಾಗಾಗಿ ಅಲೆದಾಟ ತಪ್ಪಿತು. 2022ರ ಏಪ್ರಿಲ್‌ನಿಂದ ಕಾನೂನಿನಲ್ಲಿ ಕೇಸು ಹಾಕಲು 6 ತಿಂಗಳ ಗಡುವಿದೆ. ತಿಥಿ ಮುಗಿಯುತ್ತಲೇ ವಕೀಲರನ್ನು ಕಂಡೆವು.

ಕಗ್ಗಂಟಾಗಿದ್ದು ಆದಾಯ. ದಿನಗೂಲಿಯವರಿಗೆ ಸಂಬಳದ ಚೀಟಿ ಎಲ್ಲಿಂದ ತರೋಣ? ವಿಮೆ ಕಂಪನಿಯವರು ತಿಂಗಳಿಗೆ 10,000 ಅಂದರು. ನಾವು ಕಟ್ಟಡ ಕಾರ್ಮಿಕರ ಕಾರ್ಡ್, ಮೇಸ್ತ್ರಿ ಫೋನ್‌ಪೇ ಮಾಡಿದ ಕೂಲಿ ಕಾಣುವ ಬ್ಯಾಂಕ್ ಪಾಸ್‌ಬುಕ್ ಹಾಜರುಪಡಿಸಿದೆವು. ಮೇಸ್ತ್ರಿಯೇ ಬಂದು ಸಾಕ್ಷಿ ಹೇಳಿದ್ದು ಎಲ್ಲಕ್ಕಿಂತ ಗಟ್ಟಿಯಾಯಿತು. ಕೋರ್ಟು 15,000 ಒಪ್ಪಿತು.

ಈ 5,000 ಸಣ್ಣದಲ್ಲ, ಲೆಕ್ಕ ನೋಡಿ. ಸ್ವಂತ ದುಡಿಮೆಯವರು 40ರೊಳಗಿದ್ದರೆ ಮುಂದಿನ ಗಳಿಕೆಗೆಂದು ಶೇ. 40 ಸೇರುತ್ತದೆ: 21,000. ಅವಲಂಬಿತರು ನಾಲ್ವರು (ಅಕ್ಕ, ಇಬ್ಬರು ಮಕ್ಕಳು, ಅಕ್ಕನ ಅತ್ತೆ), ಅದಕ್ಕೆ ಭಾವನ ಸ್ವಂತ ಖರ್ಚೆಂದು ಕಾಲು ಭಾಗ ಕಳೆದು 15,750. ವರ್ಷಕ್ಕೆ 1,89,000. ಆ ವಯಸ್ಸಿಗೆ ಗುಣಕ (ವರ್ಷದ ಮೊತ್ತವನ್ನು ಗುಣಿಸುವ ಸಂಖ್ಯೆ) 16, ಒಟ್ಟು 30,24,000. ಕಂಪನಿಯ ಮಾತು ಕೇಳಿದ್ದರೆ 20,16,000! ಗುಣಕ 2009ರ, ಶೇ. 40 ಎಂಬುದು 2017ರ ಸುಪ್ರೀಂ ಕೋರ್ಟ್ ತೀರ್ಪಿನದು. ಯಾರ ದಯೆಯೂ ಅಲ್ಲ.

ಎಫ್‌ಐಆರ್, ಮಹಜರು, ಮರಣೋತ್ತರ ಪರೀಕ್ಷೆ ವರದಿ, ದೋಷಾರೋಪಪಟ್ಟಿಯ ದೃಢೀಕೃತ ಪ್ರತಿ ಮೊದಲೇ ತೆಗೆದಿಡಿ. ಮಕ್ಕಳ ಪಾಲು ಅವರಿಗೆ 18 ತುಂಬುವವರೆಗೆ ಬ್ಯಾಂಕ್ ಠೇವಣಿಯಲ್ಲಿದೆ. ಬಡ್ಡಿ ಅಕ್ಕನ ಖಾತೆಗೆ ಬರುತ್ತಿದೆ.