ಲಸಿಕೆ ವದಂತಿಯ ಬಗ್ಗೆ ಬರೆಯುವಾಗ ಯಾವ ಮೂಲ, ಯಾತಕ್ಕೆ?

ಆರೋಗ್ಯ ಲೇಖನಗಳನ್ನು ತಿದ್ದುವುದು ನನ್ನ ಕೆಲಸ. ಲಸಿಕೆಯ ಸುಳ್ಳುಸುದ್ದಿ ಕುರಿತ ಬರಹ ಕೈಗೆ ಬಂದರೆ ಮೊದಲು ಒಂದನ್ನೇ ನೋಡುತ್ತೇನೆ: ಲೇಖಕರು ಎರಡು ಪ್ರಶ್ನೆಗಳನ್ನು ಕಲಸಿಬಿಟ್ಟಿದ್ದಾರಾ? ಈ ಮಾತು ಯಾರು ಹೇಳಿದರು, ಹೇಗೆ ಹಬ್ಬಿತು ಅನ್ನುವುದು ಒಂದು. ಅದು ನಿಜವೇ ಅನ್ನುವುದು ಇನ್ನೊಂದು. ಮೊದಲನೆಯದಕ್ಕೆ ಒಳ್ಳೆಯ ಪತ್ರಕರ್ತ ಸಾಕು. ಎರಡನೆಯದಕ್ಕೆ ಸಾಲದು.

ದಡಾರ, ಮಂಗನಬಾವು, ರುಬೆಲ್ಲಾ ತಡೆಯಲು ಮಕ್ಕಳಿಗೆ ಕೊಡುವ ಎಂಎಂಆರ್ ಲಸಿಕೆಯಿಂದ ಆಟಿಸಂ ಬರುತ್ತದೆ ಎಂಬ ಹಳೇ ವದಂತಿಯನ್ನೇ ತಗೊಳ್ಳಿ. ಬ್ರಿಟನ್ನಿನ ವೈದ್ಯ ಆಂಡ್ರ್ಯೂ ವೇಕ್‌ಫೀಲ್ಡ್ ಮತ್ತು ಸಂಗಡಿಗರ ಪ್ರಬಂಧ 1998ರಲ್ಲಿ ಲ್ಯಾನ್ಸೆಟ್ ಎಂಬ ವೈದ್ಯಕೀಯ ಸಂಶೋಧನಾ ಪತ್ರಿಕೆಯಲ್ಲಿ ಬಂತು. ಅದರಲ್ಲಿದ್ದದ್ದು ಬರೀ 12 ಮಕ್ಕಳು. ಲಸಿಕೆಗೂ ಈ ತೊಂದರೆಗೂ ನಂಟಿದೆ ಎಂದು ತಾವು ಸಾಬೀತು ಮಾಡಿಲ್ಲ ಎಂದು ಆ ಪ್ರಬಂಧದಲ್ಲೇ ಬರೆದಿದೆ! ಅದನ್ನು ಓದದೆ ಉಲ್ಲೇಖಿಸುವವರು ಎರಡೂ ಕಡೆ ಇದ್ದಾರೆ. ಅದರ ಹಿಂದಿನ ಹಣದ ವ್ಯವಹಾರವನ್ನು 2004ರಲ್ಲಿ ಬಯಲಿಗೆಳೆದದ್ದು ಸಂಡೇ ಟೈಮ್ಸ್‌ಗೆ ಬರೆಯುತ್ತಿದ್ದ ಪತ್ರಕರ್ತ ಬ್ರಯಾನ್ ಡೀರ್. 2010ರಲ್ಲಿ ಲ್ಯಾನ್ಸೆಟ್ ಪ್ರಬಂಧವನ್ನು ಹಿಂತೆಗೆದುಕೊಂಡಿತು. ಅದೇ ವರ್ಷ ಬ್ರಿಟನ್ನಿನ ವೈದ್ಯರ ನೋಂದಣಿಯಿಂದ ವೇಕ್‌ಫೀಲ್ಡ್ ಹೆಸರನ್ನು ತೆಗೆದುಹಾಕಿದರು.

ಈ ಕಥೆ ಹೇಳಲು ಡೀರ್ ವರದಿಗಳೇ ಸರಿ. ಆದರೆ ‘ಎಂಎಂಆರ್‌ನಿಂದ ಆಟಿಸಂ ಬರುವುದಿಲ್ಲ’ ಎಂಬ ವಾಕ್ಯಕ್ಕೆ ಅವನ್ನು ಆಧಾರ ಕೊಟ್ಟರೆ ನಾನು ಕೆಂಪು ಗೆರೆ ಎಳೆಯುತ್ತೇನೆ. ಒಬ್ಬ ಮೋಸ ಮಾಡಿದ ಅಂದಮಾತ್ರಕ್ಕೆ ಅವನು ಹೇಳಿದ್ದು ಸುಳ್ಳಾಗಬೇಕಿಲ್ಲವಲ್ಲ. ಅಲ್ಲಿಗೆ ಬೇಕಾದದ್ದು 6,57,461 ಮಕ್ಕಳನ್ನು ಗಮನಿಸಿ 2019ರಲ್ಲಿ ಪ್ರಕಟವಾದ ಡೆನ್ಮಾರ್ಕಿನ ಅಧ್ಯಯನದಂಥದ್ದು. ಇಂಥ ಹಲವು ಅಧ್ಯಯನಗಳನ್ನು ಒಟ್ಟಿಗಿಟ್ಟು ತೂಗಿದ, ಕಾಕ್ರೇನ್ ಎಂಬ ಅಂತರರಾಷ್ಟ್ರೀಯ ಸಂಶೋಧಕರ ಸಂಸ್ಥೆಯ ವಿಮರ್ಶೆ ಸಿಕ್ಕರೆ ಇನ್ನೂ ಮೇಲು.

‘ಪಬ್‌ಮೆಡ್‌ನಲ್ಲಿದೆ ಸಾರ್’ ಎಂಬ ವಾದ ಆಗಾಗ ಬರುತ್ತದೆ. ಪಬ್‌ಮೆಡ್ ಅಂದರೆ ವೈದ್ಯಕೀಯ ಪ್ರಬಂಧಗಳನ್ನು ಹುಡುಕಲು ಇರುವ ಆನ್‌ಲೈನ್ ಸೂಚಿ, ಅಷ್ಟೇ. ವೇಕ್‌ಫೀಲ್ಡ್ ಪ್ರಬಂಧವೂ ಅಲ್ಲೇ ಇದೆ, ಹಿಂತೆಗೆದುಕೊಂಡ ಸೂಚನೆಯ ಸಮೇತ. ಯಾರೋ ಕಳಿಸಿದ ಪಿಡಿಎಫ್ ನೆಚ್ಚಿಕೊಳ್ಳಬೇಡಿ, ಹಳೇ ಪ್ರತಿಯಲ್ಲಿ ಆ ಸೂಚನೆ ಇರುವುದಿಲ್ಲ. ಪ್ರಬಂಧ ಪ್ರಕಟಿಸಿದ ಪತ್ರಿಕೆಯ ಜಾಲಪುಟಕ್ಕೇ ಹೋಗಿ ನೋಡಿ. ಪ್ರೀಪ್ರಿಂಟ್ ಆದರೆ, ತಜ್ಞರ ಪರಿಶೀಲನೆ ಇನ್ನೂ ಆಗಿಲ್ಲ ಎಂದು ಅದೇ ವಾಕ್ಯದಲ್ಲಿ ಹೇಳಿ.

ಲೇಖಕರು ಹೆಚ್ಚು ಎಡವುವುದು ವೇರ್ಸ್ (VAERS) ದತ್ತಾಂಶದಲ್ಲಿ. ಲಸಿಕೆಯ ನಂತರದ ತೊಂದರೆಗಳ ವರದಿ ಸಂಗ್ರಹಿಸುವ ಅಮೆರಿಕ ಸರ್ಕಾರದ ವ್ಯವಸ್ಥೆ ಅದು. ಲಸಿಕೆಯ ನಂತರ ಏನೇ ಆದರೂ ಅಲ್ಲಿಗೆ ಯಾರು ಬೇಕಾದರೂ ವರದಿ ಕಳಿಸಬಹುದು. ಫ್ಲೂ ಲಸಿಕೆಯಿಂದ ತಾನು ಕಾಮಿಕ್ಸ್‌ನ ಹಸಿರು ದೈತ್ಯ ಹಲ್ಕ್ ಆದೆ ಎಂದು ವೈದ್ಯರೊಬ್ಬರು ಬೇಕೆಂದೇ ಬರೆದರು, ಅದೂ ದಾಖಲಾಯಿತು. ಆಮೇಲೆ ಅವರಿಗೇ ಫೋನು ಮಾಡಿ, ಒಪ್ಪಿಗೆ ಪಡೆದು ಅಳಿಸಿದರಂತೆ. ಹಾಗಾಗಿ ‘ವೇರ್ಸ್ ಪ್ರಕಾರ ಇಷ್ಟು ಸಾವು’ ಎಂದು ಬರೆದರೆ ತಪ್ಪು. ‘ಲಸಿಕೆಯ ನಂತರ ಆದದ್ದೆಂದು ಇಷ್ಟು ವರದಿ ಬಂದಿವೆ, ಕಾರಣ ತೀರ್ಮಾನವಾಗಿಲ್ಲ’ ಎಂದರೆ ಸರಿ.

ಹಾಗಂತ ವೇರ್ಸ್ ಅನ್ನು ಕಸವೆಂದು ತಳ್ಳಿಹಾಕುವವರ ಜೊತೆಗೂ ನಾನಿಲ್ಲ. ರೋಟಾವೈರಸ್ ಭೇದಿ ತಡೆಯಲೆಂದು 1998ರಲ್ಲಿ ಅಮೆರಿಕದಲ್ಲಿ ಪರವಾನಗಿ ಪಡೆದ ರೋಟಾಶೀಲ್ಡ್ ಲಸಿಕೆಯ ನಂತರ ಕೆಲವು ಶಿಶುಗಳ ಕರುಳು ಒಂದರೊಳಗೊಂದು ಸೇರಿಕೊಳ್ಳುತ್ತಿದೆ ಎಂಬ ಸುಳಿವು ಮೊದಲು ಸಿಕ್ಕಿದ್ದು ಅಲ್ಲೇ. ಬೇರೆ ಅಧ್ಯಯನ ನಡೆಸಿ ಅದನ್ನು ಖಚಿತಪಡಿಸಿಕೊಂಡರು. 1999ರಲ್ಲೇ ಲಸಿಕೆ ಮಾರುಕಟ್ಟೆಯಿಂದ ಹೊರಬಿತ್ತು.

ಒಂದು ಮೂಲ ನಂಬಿಕಸ್ಥವೇ ಎಂದು ಅನುಮಾನ ಬಂದಾಗ ನಾನು ಅದರಲ್ಲಿ ರೋಟಾಶೀಲ್ಡ್ ಎಂದು ಹುಡುಕುತ್ತೇನೆ. ನಡೆದದ್ದನ್ನು ಮುಚ್ಚಿಡದೆ, ಹಿಗ್ಗಿಸದೆ, ಎಷ್ಟು ಮಕ್ಕಳಲ್ಲಿ ಒಬ್ಬರಿಗೆ ಎಂಬ ಅಂದಾಜಿನ ಸಮೇತ ಹೇಳಿದ್ದರೆ ಉಳಿದದ್ದನ್ನೂ ಓದುತ್ತೇನೆ. ‘ಲಸಿಕೆಗೆ ಅಡ್ಡಪರಿಣಾಮವೇ ಇಲ್ಲ’ ಎನ್ನುವ ಪುಟವನ್ನು, ಅದು ನಮ್ಮ ಪರವಾಗಿದ್ದರೂ, ಆಧಾರಗಳ ಪಟ್ಟಿಯಿಂದ ತೆಗೆಸುತ್ತೇನೆ.